ಒಲೆಯಲ್ಲಿ ಹುಟ್ಟುವ ಸಿಹಿ

ಬಿಸಿ ಬೂದಿಯಲ್ಲಿ ಹೂತು ಸುಟ್ಟ ಗೆಣಸಿನ ರುಚಿಯನ್ನು ಒಮ್ಮೆ ತಿಂದವರು ಮರೆಯಲಾರರು. ಸೀದ ಸಿಪ್ಪೆಯ ಬಿರುಕುಗಳಲ್ಲಿ ಕಂದುಬಣ್ಣದ ಅಂಟುಪಾಕ ಒಸರಿರುತ್ತದೆ. ಅದೇ ಗೆಣಸನ್ನು ಹಸಿಯಾಗಿ ಕಡಿದು ನೋಡಿದರೆ ಸಿಹಿ ಅಲ್ಪವೇ. ಸಕ್ಕರೆಯನ್ನಂತೂ ಯಾರೂ ಬೆರೆಸಲಿಲ್ಲ. ಹಾಗಾದರೆ ಈ ಸಿಹಿ ಬಂದುದೆಲ್ಲಿಂದ?

ಈಚೆಗೆ ನಾವು ಮನೆಯಲ್ಲಿ ಗೆಣಸಿನ ಸಿಹಿತಿಂಡಿಯೊಂದನ್ನು ಓವನ್ನಿನಲ್ಲಿ ಮಾಡಹೊರಟೆವು. ಹೊತ್ತು ಉಳಿಸುವ ಆಸೆಯಿಂದ ಗೆಣಸನ್ನು ಹೋಳುಮಾಡಿ ಕುಕ್ಕರಿನಲ್ಲಿ ಬೇಯಿಸಿ, ಮಸೆದು, ಅನಂತರ ಓವನ್ನಿನಲ್ಲಿಟ್ಟೆವು. ತಿಂಡಿ ಸಪ್ಪೆಯಾಯಿತು. ಮರುದಿನ ಬೆಲ್ಲವನ್ನು 150 ಗ್ರಾಮಿಗೆ ಏರಿಸಿದೆವು. ಬೆಲ್ಲದ ರುಚಿ ಬಂದಿತೇ ಹೊರತು ಗೆಣಸಿನದು ಬರಲಿಲ್ಲ. ತಪ್ಪು ಬೆಲ್ಲದ ಅಳತೆಯಲ್ಲಿರಲಿಲ್ಲ, ನಮ್ಮ ಅವಸರದಲ್ಲಿತ್ತು.

ಗೆಣಸಿನಲ್ಲಿ ಪಿಷ್ಟ ಹೇರಳವಾಗಿದೆ. ಪಿಷ್ಟದ ಅಣುವೆಂದರೆ ಗ್ಲೂಕೋಸಿನ ಕೊಂಡಿಗಳ ಉದ್ದನೆಯ ಸರಪಳಿ, ಅದಕ್ಕೆ ಸಿಹಿಯಿಲ್ಲ. ಆದರೆ ಅದೇ ಗೆಡ್ಡೆಯಲ್ಲಿ ಬೀಟಾ ಅಮೈಲೇಸ್ ಎಂಬ ಕಿಣ್ವವೂ ಇದೆ. 1946ರಲ್ಲಿ ವಿಜ್ಞಾನಿಗಳು ಈ ಕಿಣ್ವವನ್ನು ಗೆಣಸಿನಿಂದಲೇ ಹರಳಿನ ರೂಪದಲ್ಲಿ ಬೇರ್ಪಡಿಸಿದರು. ಸರಪಳಿಯ ತುದಿಯಿಂದ ಅದು ಎರಡೆರಡು ಕೊಂಡಿಗಳನ್ನು ಕತ್ತರಿಸುತ್ತ ಹೋಗುತ್ತದೆ. ಹೀಗೆ ದೊರೆಯುವ ಜೋಡಿಯೇ ಮಾಲ್ಟೋಸ್ ಎಂಬ ಸಕ್ಕರೆ.

ಹಸಿ ಗೆಣಸಿನಲ್ಲಿ ಪಿಷ್ಟದ ಕಣಗಳು ಬಿಗಿಯಾಗಿರುವುದರಿಂದ ಕಿಣ್ವದ ಕತ್ತರಿ ಅವುಗಳೊಳಗೆ ಹೊಗಲಾರದು. ಉಷ್ಣತೆ ಸುಮಾರು 65 ಡಿಗ್ರಿ ಸೆಂಟಿಗ್ರೇಡನ್ನು ದಾಟಿದಾಗ ಕಣಗಳು ನೀರನ್ನು ಹೀರಿ, ಉಬ್ಬಿ, ಸಡಿಲಗೊಳ್ಳುತ್ತವೆ. 80 ಡಿಗ್ರಿಯನ್ನು ಮೀರಿದರೋ ಕಿಣ್ವವೇ ಕೆಡತೊಡಗುತ್ತದೆ. ಸಿಹಿ ಹುಟ್ಟಬೇಕಾದದ್ದು ಈ ಎರಡರ ನಡುವೆ. ಬೂದಿಯ ಮೃದುವಾದ ಕಾವು ಇಡೀ ಗೆಡ್ಡೆಯೊಳಕ್ಕೆ ಮೆಲ್ಲಮೆಲ್ಲನೆ ಇಳಿಯುತ್ತದೆ. ಕಿಣ್ವಕ್ಕೆ ಬೇಕಾದಷ್ಟು ಬಿಡುವು. ಕುಕ್ಕರಿನ ಹೋಳುಗಳು ಈ ಘಟ್ಟವನ್ನು ಕೆಲವೇ ನಿಮಿಷಗಳಲ್ಲಿ ದಾಟಿಬಿಡುತ್ತವೆ. ಕಿಣ್ವ ಒಮ್ಮೆ ಕೆಟ್ಟ ಮೇಲೆ ಓವನ್ನಿನಲ್ಲಿ ಎಷ್ಟು ಹೊತ್ತು ಇಟ್ಟರೂ ಹೊಸ ಮಾಲ್ಟೋಸ್ ಹುಟ್ಟದು. ನಮ್ಮ ತಿಂಡಿಗೆ ಆದದ್ದು ಇದೇ.

ಮೂರನೆಯ ಸಲ ಅರ್ಧ ಕಿಲೋಗ್ರಾಂ ಗೆಣಸನ್ನು ಸಿಪ್ಪೆಸಹಿತ ಇಡಿಯಾಗಿ ತಣ್ಣನೆಯ ಓವನ್ನಿನಲ್ಲಿಟ್ಟು, ಕಾವನ್ನು 150 ಡಿಗ್ರಿಗೆ ಏರಿಸಿ, ಒಂದೂವರೆ ಗಂಟೆ ಬಿಟ್ಟೆವು. ಅಡಿಯ ತಟ್ಟೆಗೆ ಪಾಕ ತೊಟ್ಟಿಕ್ಕಿದಾಗ ನಮಗಾದ ಸಂತೋಷವನ್ನು ಹೇಳತೀರದು! ತಿರುಳನ್ನು ಮಸೆದು, ಒಂದು ಲೋಟ ತೆಂಗಿನಹಾಲು, 60 ಗ್ರಾಂ ಅಕ್ಕಿಹಿಟ್ಟು, 75 ಗ್ರಾಂ ಬೆಲ್ಲ, ಏಲಕ್ಕಿಪುಡಿ, ಚಿಟಿಕೆ ಉಪ್ಪು ಸೇರಿಸಿದೆವು. ತುಪ್ಪ ಸವರಿದ ತಟ್ಟೆಯಲ್ಲಿ ಹರಡಿ 180 ಡಿಗ್ರಿಯಲ್ಲಿ 40 ನಿಮಿಷ ಬೇಯಿಸಿದರೆ ಮೇಲ್ಭಾಗ ಕೆಂಪಗಾಗುತ್ತದೆ. ಬಿಸಿಯಿರುವಾಗ ಕೊಯ್ಯಬಾರದು, ಆರುತ್ತ ಬಂದಂತೆ ಪಿಷ್ಟ ಗಟ್ಟಿಯಾಗಿ ತುಂಡುಗಳು ನಿಲ್ಲುತ್ತವೆ.

ನಮ್ಮ ಮಾತನ್ನು ವಾಚಕರು ಹಾಗೆಯೇ ನಂಬಬೇಕಾಗಿಲ್ಲ. ಒಂದೇ ರಾಶಿಯಿಂದ ಸಮಗಾತ್ರದ ಎರಡು ಗೆಣಸುಗಳನ್ನು ಆರಿಸಿ, ಒಂದನ್ನು ಹೋಳುಮಾಡಿ ಕುಕ್ಕರಿನಲ್ಲಿಯೂ ಇನ್ನೊಂದನ್ನು ಇಡಿಯಾಗಿ ಮಂದ ಕಾವಿನಲ್ಲಿಯೂ ಬೇಯಿಸಿ, ಮನೆಯವರ ಕಣ್ಣು ಕಟ್ಟಿ ತಿನ್ನಿಸಿ ನೋಡಲಿ.