ಹೆಣಕ್ಕೆ ದ್ರೌಪದಿ ವೇಷ!

ಕುಂದನ್ ಷಾ ನಿರ್ದೇಶನದ ಹಿಂದಿ ಚಿತ್ರ 'ಜಾನೇ ಭೀ ದೋ ಯಾರೋ' (1983) ನೋಡಿದ್ದೀರಾ? ಹೀರೋ-ಹೀರೋಯಿನ್ ಮರ ಸುತ್ತುವ ಚಿತ್ರವಲ್ಲ ಇದು. ನಾಸಿರುದ್ದೀನ್ ಷಾ, ಓಂ ಪುರಿ, ಪಂಕಜ್ ಕಪೂರ್, ನೀನಾ ಗುಪ್ತಾ, ಭಕ್ತಿ ಬರ್ವೆ, ಎಲ್ಲ ನಾಟಕದಲ್ಲಿ ಪಳಗಿದವರು. ಸರ್ಕಾರದ ಚಿತ್ರ ನಿಗಮ ಕೊಟ್ಟ ಅಲ್ಪಸ್ವಲ್ಪ ದುಡ್ಡಿನಲ್ಲೇ ಮುಗಿಸಿದರು.

ಕಂಟ್ರಾಕ್ಟರು ನಗರಪಾಲಿಕೆ ಕಮಿಷನರನ್ನು ಕೊಂದ ಸುಳಿವು ಮುಂಬೈಯ ಇಬ್ಬರು ಬಡ ಫೋಟೋಗ್ರಾಫರುಗಳಿಗೆ ಸಿಗುತ್ತೆ. ಆಮೇಲೆ ಹೆಣದ ಹಿಂದೆ ಎಲ್ಲರ ಓಟ! ಓಡುತ್ತಾ ಮಹಾಭಾರತದ ನಾಟಕಕ್ಕೇ ನುಗ್ತಾರೆ. ಹೆಣವೇ ದ್ರೌಪದಿ. ಸೀರೆ ಎಳೆದರೆ ಗುಟ್ಟು ರಟ್ಟು ನೋಡಿ, ಅದಕ್ಕೇ ದುರ್ಯೋಧನನೇ ದುಶ್ಶಾಸನನನ್ನು ತಡೀತಾನೆ! ಪಾಪ, ಕುರುಡ ಧೃತರಾಷ್ಟ್ರ ಏನಾಗ್ತಿದೆ ಅಂತ ಕೇಳ್ತಾನೇ ಇರ್ತಾನೆ. ಜಾತ್ರೆ ನಾಟಕದಲ್ಲಿ ಮಾತು ಮರೆತವರ ಪಾಡು ಕಂಡವರಿಗೆ ಹೊಟ್ಟೆ ಹುಣ್ಣಾಗುತ್ತೆ. ಹೆಣವಾದ ಸತೀಶ್ ಷಾ ಬಾಯಿ ಬಿಡದೇ ನಗಿಸ್ತಾರೆ, ಅದು ಸುಲಭವಲ್ಲ.

ಆದರೆ ಕೊನೆಗೆ ಎದೆ ಹಿಂಡುತ್ತೆ ಕಣ್ರೀ. ಲಂಚಕೋರರು ತಮ್ಮತಮ್ಮಲ್ಲೇ ರಾಜಿಯಾಗ್ತಾರೆ. ಕುಸಿದ ಸೇತುವೆಯ ಅಪವಾದ ಆ ಹುಡುಗರ ತಲೆಗೆ. ಕೈದಿ ಬಟ್ಟೆಯಲ್ಲಿ ಬೀದಿಗೆ ಬಂದು, ಕತ್ತಿನ ಮೇಲೆ ಕೈ ಎಳೆದು ತೋರಿಸ್ತಾರೆ.