ಲೈಸೆನ್ಸು ಕೋರ್ಟಿನಲ್ಲಿ ಉಳಿದೀತು, ಕಸುಬು?

ಹಳೆಯ ಕ್ರಯಪತ್ರವೊಂದರ ಕೊನೆಯ ಪುಟ ನೋಡಿ. ಬರೆದುಕೊಟ್ಟವರ ರುಜು, ಸಾಕ್ಷಿಗಳ ರುಜು, ಅವೆಲ್ಲದರ ಕೆಳಗೆ ‘ಬಿಕ್ಕಲಂ’ ಎಂದು ಇನ್ನೊಂದು ಹೆಸರು. ಈತ ಆಸ್ತಿ ಮಾರಿದವನೂ ಅಲ್ಲ, ಕೊಂಡವನೂ ಅಲ್ಲ; ಪತ್ರ ಬರೆದವನು, ಅಂದರೆ ಪತ್ರ ಬರಹಗಾರ. ಆದರೆ ಸರ್ವೆ ನಂಬರು, ಚಕ್ಕುಬಂದಿ, ಹಣ ಸಂದಾಯವಾದ ಬಗೆ ಎಲ್ಲವೂ ತಪ್ಪಿಲ್ಲದೆ ಕೂತಿದ್ದರೆ ಅದು ಅವನ ಕೈಗುಣ. ಉತ್ತರ ದಿಕ್ಕಿನ ಜಮೀನನ್ನು ದಕ್ಷಿಣಕ್ಕೆ ಬರೆದರೆ ಮುಂದೆ ತಿದ್ದುಪಡಿ ಪತ್ರವಾಗಬೇಕು, ಇಲ್ಲವೇ ಮಕ್ಕಳ ಕಾಲಕ್ಕೆ ದಾವೆ ಹೂಡಬೇಕು.

ಪತ್ರವನ್ನು ಇಂಥವರೇ ಬರೆಯಬೇಕೆಂಬ ಕಟ್ಟಳೆ 1908ರ ನೋಂದಣಿ ಕಾಯ್ದೆಯಲ್ಲಿ ಇರಲಿಲ್ಲ. 100 ರೂಪಾಯಿ ಅಥವಾ ಅದಕ್ಕೆ ಮೇಲ್ಪಟ್ಟ ಸ್ಥಿರಾಸ್ತಿಯ ವರ್ಗಾವಣೆ ನೋಂದಣಿಯಾಗಬೇಕು, ಪತ್ರವನ್ನು ನಾಲ್ಕು ತಿಂಗಳೊಳಗೆ ಹಾಜರುಪಡಿಸಬೇಕು ಎಂದಷ್ಟೇ ಅದು ಹೇಳಿತು. ಓದುಬರಹ ಬಾರದವರು ಸಬ್ ರಿಜಿಸ್ಟ್ರಾರ್ ಕಚೇರಿಯ ಮುಂದೆ ಡೆಸ್ಕ್ ಹಾಕಿಕೊಂಡು ಕೂತವರನ್ನು ನೆಚ್ಚಿದರು. ಯಾರು ಬೇಕಾದರೂ ಬರೆದು ಎಷ್ಟು ಬೇಕಾದರೂ ಕೀಳುವುದನ್ನು ತಡೆಯಲು ರಾಜ್ಯಗಳು ಲೈಸೆನ್ಸ್ ನಿಯಮ ತಂದವು: ಕೇರಳ 1960ರಲ್ಲಿ, ಕರ್ನಾಟಕ 1979ರಲ್ಲಿ, ತಮಿಳುನಾಡು 1982ರಲ್ಲಿ.

ಲೈಸೆನ್ಸ್ ಕೊಟ್ಟ ಕೈಗೆ ಅದನ್ನು ಕಿತ್ತುಕೊಳ್ಳುವ ಅಧಿಕಾರವೂ ಬಂತು. ಕಚೇರಿಯ ಲಂಚಕ್ಕೆ ಮಧ್ಯವರ್ತಿ, ನಕಲಿ ಪತ್ರಕ್ಕೆ ಕೈಜೋಡಿಸಿದವನು, ಹೆಚ್ಚು ಹಣ ಕಿತ್ತವನು ಎಂಬ ಆರೋಪ ಬಂದರೆ ಅಮಾನತು ಅಥವಾ ರದ್ದು. ಆರೋಪಗಳಲ್ಲಿ ಕೆಲವು ನಿಜವೇ. ಆದರೆ ಇಂಥ ಆದೇಶ ರಿಟ್ ಅರ್ಜಿಯಾಗಿ ಹೈಕೋರ್ಟಿಗೆ ಹೋದಾಗ ಮೊದಲ ಪ್ರಶ್ನೆ ಆರೋಪದ ಸತ್ಯಾಸತ್ಯತೆಯದಲ್ಲ. ನೋಟಿಸ್ ಕೊಟ್ಟಿರಾ, ಅವನ ಮಾತು ಕೇಳಿದಿರಾ ಎಂಬುದು.

ಈ ಪ್ರಶ್ನೆಯ ಬೇರು 1967ರಲ್ಲಿದೆ. ಒಡಿಶಾದ ಸರ್ಕಾರಿ ವೈದ್ಯೆ ಬೀನಾಪಾಣಿ ದೇಯಿ ಅವರ ಜನ್ಮದಿನಾಂಕವನ್ನು ಸರ್ಕಾರ ತಾನೇ ತೀರ್ಮಾನಿಸಿ, ನಿವೃತ್ತಿ ಮಾಡಿಸಿತ್ತು. ವ್ಯಕ್ತಿಯ ಹಕ್ಕಿಗೆ ಧಕ್ಕೆ ತರುವ ಆಡಳಿತಾತ್ಮಕ ಆದೇಶಕ್ಕೂ ಸಹಜ ನ್ಯಾಯ ಅನ್ವಯಿಸುತ್ತದೆ ಎಂದಿತು ಸುಪ್ರೀಂ ಕೋರ್ಟ್. ಹತ್ತು ವರ್ಷದ ಮೇಲೆ, ಪಂಜಾಬಿನ ಫಿರೋಜ್‌ಪುರ ಚುನಾವಣೆಯ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ ಇನ್ನೊಂದು ಮಾತು ಸೇರಿತು: ಆದೇಶದಲ್ಲಿಲ್ಲದ ಕಾರಣವನ್ನು ಆಮೇಲೆ ಅಫಿಡವಿಟ್‌ನಲ್ಲಿ ತುರುಕುವಂತಿಲ್ಲ. ‘ದೂರು ಬಂದಿದೆ, ಲೈಸೆನ್ಸ್ ರದ್ದು’ ಎಂಬ ಒಂದು ಸಾಲಿನ ಆದೇಶಗಳು ಬೀಳುವುದು ಇಲ್ಲೇ. ಬಿದ್ದ ಮೇಲೂ ಬರಹಗಾರ ಖುಲಾಸೆಯಾದ ಎಂದಲ್ಲ. ಕ್ರಮಬದ್ಧವಾಗಿ ವಿಚಾರಣೆ ನಡೆಸಿ ಮತ್ತೆ ತೀರ್ಮಾನಿಸುವ ದಾರಿ ಇಲಾಖೆಗೆ ತೆರೆದೇ ಇರುತ್ತದೆ.

ಎರಡನೆಯ ವಾದ ಅಧಿಕಾರದ ಎಲ್ಲೆಯದು. ಕಾಯ್ದೆಯ 69ನೇ ಕಲಂ ನೋಂದಣಿ ಮಹಾಪರಿವೀಕ್ಷಕರಿಗೆ ನಿಯಮ ಮಾಡುವ ಅಧಿಕಾರ ಕೊಟ್ಟಿದೆ, ಆದರೆ ಅವು ಕಾಯ್ದೆಗೆ ಹೊಂದಬೇಕು. ಮೂಲ ಪತ್ರ ತೋರಿಸದಿದ್ದರೆ ನೋಂದಣಿ ಇಲ್ಲ ಎನ್ನುತ್ತಿದ್ದ ತಮಿಳುನಾಡಿನ 55ಎ(1) ನಿಯಮವನ್ನು ಸುಪ್ರೀಂ ಕೋರ್ಟ್ 2025ರ ಏಪ್ರಿಲ್‌ನಲ್ಲಿ ರದ್ದುಮಾಡಿತು. ಜಮಾಬಂದಿ (ಭೂ ಕಂದಾಯ) ದಾಖಲೆ ಕೇಳುತ್ತಿದ್ದ ಬಿಹಾರದ 2019ರ ನಿಯಮವೂ 2025ರ ನವೆಂಬರ್‌ನಲ್ಲಿ ಹೋಯಿತು. ಇವೆರಡೂ ಪತ್ರ ಬರಹಗಾರರ ಪ್ರಕರಣಗಳಲ್ಲ; ಆದರೆ ಇಲಾಖೆಯ ನಿಯಮ ಕಾಯ್ದೆಯನ್ನು ಮೀರಿದೆ ಎನ್ನುವವರಿಗೆಲ್ಲ ಇವು ಆಸರೆ.

ಸರ್ಕಾರ ಒಬ್ಬರ ಲೈಸೆನ್ಸ್ ಮುಟ್ಟದೆ ಪದ್ಧತಿಯನ್ನೇ ಬದಲಿಸಿದರೆ ನೋಟಿಸಿನ ವಾದ ಸಡಿಲ. ನಿಯಮ ಬದಲಿಸುವುದು ಶಾಸನದ ಸ್ವರೂಪದ ಕೆಲಸ. ಅಂಥದ್ದಕ್ಕೆ ಒಬ್ಬೊಬ್ಬರನ್ನೂ ಕರೆದು ಕೇಳಬೇಕಿಲ್ಲ ಎಂಬುದು ಔಷಧ ಬೆಲೆ ನಿಗದಿಯ ಸೈನಮೈಡ್ ಪ್ರಕರಣದಲ್ಲಿ 1987ರಲ್ಲೇ ಇತ್ಯರ್ಥವಾಗಿದೆ. ಕರ್ನಾಟಕದಲ್ಲಿ ನಕಲಿ ಛಾಪಾ ಕಾಗದದ ತೆಲಗಿ ಹಗರಣದ ಬೆನ್ನಿಗೆ ಛಾಪಾ ಕಾಗದ ಮರೆಯಾಯಿತು, ನೋಂದಣಿಗೆ ‘ಕಾವೇರಿ’ ತಂತ್ರಾಂಶ ಬಂತು. 2023ರ ‘ಕಾವೇರಿ 2.0’ ಬಂದ ಮೇಲೆ ಮನೆಯಲ್ಲೇ ಕೂತು ವಿವರ ತುಂಬಿ, ಶುಲ್ಕ ಕಟ್ಟಿ, ಸಮಯ ಕಾಯ್ದಿರಿಸಬಹುದು. ಯಾರ ಲೈಸೆನ್ಸೂ ರದ್ದಾಗಲಿಲ್ಲ, ಡೆಸ್ಕಿನ ಮುಂದಿನ ಸಾಲು ಮಾತ್ರ ಕರಗತೊಡಗಿತು. ಇದಕ್ಕೆ ತಡೆಯಾಜ್ಞೆ ಕೇಳುವುದಾದರೂ ಯಾವ ಆದೇಶದ ವಿರುದ್ಧ?

ತಂತ್ರಾಂಶದ ಖಾನೆಗಳು ಹೆಸರು, ಅಳತೆ, ಮೊತ್ತ ಕೇಳುತ್ತವೆ. ತಂಗಿಯ ಹಕ್ಕು ಬಿಡುಗಡೆಯಾಗಿದೆಯೇ, ಬಾವಿಗೆ ಹೋಗುವ ದಾರಿ ಯಾರದು ಎಂದು ಅವು ಕೇಳುವುದಿಲ್ಲ. ಅದನ್ನು ಕೇಳಬಲ್ಲ ಬರಹಗಾರನ ಹತ್ತಿರ ಜನ ಈಗಲೂ ಹೋಗುತ್ತಾರೆ. ನೋಟಿಸ್ ಕೊಡದೆ ಕಸಿದ ಲೈಸೆನ್ಸನ್ನು ಕೋರ್ಟು ಮರಳಿಸಬಲ್ಲದು. ಗಿರಾಕಿಯನ್ನು ಉಳಿಸಿಕೊಳ್ಳುವುದು ಆ ಪ್ರಶ್ನೆ ಕೇಳುವ ಪರಿಣತಿ ಮಾತ್ರ.