ಮನೆಯೊಡೆಯನೂ ಬಾಡಿಗೆದಾರನೂ

ಅನ್ನವಸ್ತ್ರಗಳಂತೆ ವಸತಿಯೂ ಮಾನವಜೀವನಕ್ಕೆ ಅತ್ಯಾವಶ್ಯಕವಾದುದು. ಸ್ವಂತ ಮನೆಯಿಲ್ಲದವನು ಪರರ ಮನೆಯನ್ನು ಬಾಡಿಗೆಗೆ ಹಿಡಿಯುತ್ತಾನೆ. ಮನೆಯುಳ್ಳವನು ಆ ಬಾಡಿಗೆಯಿಂದ ಸಂಸಾರಕ್ಕೆ ಆಸರೆ ಪಡೆಯುತ್ತಾನೆ. ಉಭಯರಿಗೂ ಹಿತಕರವಾದ ಈ ಸಂಬಂಧವು ‘ಮನೆ ಬಿಡಿ’ ಎಂಬ ಒಂದು ಮಾತಿನಿಂದ ವ್ಯಾಜ್ಯವಾಗಿ ಪರಿಣಮಿಸುವುದುಂಟು. ಅಂತಹ ವ್ಯಾಜ್ಯದಲ್ಲಿ ನ್ಯಾಯಾಲಯವು ಮನೆ ಯಾರದೆಂಬುದನ್ನಷ್ಟೇ ನೋಡುವುದಿಲ್ಲ. ಬಿಡಿಸಲು ತಕ್ಕ ಕಾರಣವುಂಟೇ ಎಂಬುದನ್ನೂ ವಿಚಾರಿಸುತ್ತದೆ. ಬಾಡಿಗೆ ಕಾಯಿದೆಯ ಜೀವಾಳವೇ ಇದು.

ಎರಡನೆಯ ಮಹಾಯುದ್ಧದ ಕಾಲದಲ್ಲಿ ಪಟ್ಟಣಗಳಲ್ಲಿ ಜನಸಂದಣಿ ಹೆಚ್ಚಿ, ಮನೆಗಳ ಅಭಾವ ತಲೆದೋರಿತು. ಬಾಡಿಗೆ ಮನಬಂದಂತೆ ಏರದಂತೆ ತಡೆಯಲು ನಿಯಂತ್ರಣ ಅನಿವಾರ್ಯವಾಯಿತು. ಧಾರವಾಡ, ಬೆಳಗಾವಿ ಮೊದಲಾದೆಡೆ 1947ರ ಮುಂಬಯಿ ಕಾಯಿದೆಯೂ, ಹಳೆಯ ಮೈಸೂರಿನಲ್ಲಿ 1951ರ ಕಾಯಿದೆಯೂ ಬಳಕೆಯಲ್ಲಿದ್ದವು. ಏಕೀಕರಣದ ತರುವಾಯ ಇವುಗಳ ಸ್ಥಾನದಲ್ಲಿ 1961ರ ಮೈಸೂರು ಬಾಡಿಗೆ ನಿಯಂತ್ರಣ ಕಾಯಿದೆ ಬಂದಿತು. 1973ರಲ್ಲಿ ರಾಜ್ಯದ ಹೆಸರು ಬದಲಾದ ಮೇಲೆ ಅದು ಕರ್ನಾಟಕ ಕಾಯಿದೆಯೆನಿಸಿತು.

ಆ ಕಾಯಿದೆಯ 21ನೆಯ ಕಲಮು ಬಾಡಿಗೆದಾರನಿಗೆ ಕೋಟೆಯಂತಿತ್ತು. ಅಲ್ಲಿ ಹೇಳಿದ ಕಾರಣಗಳ ಹೊರತು ಅವನನ್ನು ಬಿಡಿಸುವಂತಿರಲಿಲ್ಲ. ನೋಟೀಸು ತಲುಪಿದ ಎರಡು ತಿಂಗಳೊಳಗೆ ಬಾಕಿ ಸಲ್ಲಿಸದಿರುವುದು, ಅನುಮತಿಯಿಲ್ಲದೆ ಮನೆಯನ್ನು ಒಳಬಾಡಿಗೆಗೆ ಕೊಡುವುದು, ಒಡೆಯನಿಗೆ ಮನೆಯ ಅಗತ್ಯ ನಿಜವಾಗಿಯೂ ಇರುವುದು—ಇವು ಅವುಗಳಲ್ಲಿ ಮುಖ್ಯವಾದವು. ಕೊನೆಯ ಕಾರಣದಲ್ಲಿ ಒಂದು ಸೂಕ್ಷ್ಮವಿತ್ತು. ಒಡೆಯನ ಅಗತ್ಯ ಸಿದ್ಧವಾದರೂ, ಮನೆ ಬಿಡಿಸುವುದರಿಂದ ಬಾಡಿಗೆದಾರನಿಗಾಗುವ ಕಷ್ಟವೇ ಅಧಿಕವೆಂದು ಕಂಡುಬಂದರೆ ನ್ಯಾಯಾಲಯವು ಆಜ್ಞೆ ಮಾಡುವಂತಿರಲಿಲ್ಲ. ಮಗನ ಮದುವೆಯಾಗಿ ಒಡೆಯನಿಗೆ ಕೋಣೆಗಳು ಸಾಲದಿರಬಹುದು; ಅದೇ ಮನೆಯಲ್ಲಿ ವೃದ್ಧ ತಾಯಿಯೊಡನಿರುವ ಬಾಡಿಗೆದಾರನಿಗೆ ಬೇರೆ ಮನೆ ಸಿಗದಿರಬಹುದು. ಇಬ್ಬರದೂ ಸತ್ಯವೇ. ಈ ಎರಡು ಸಂಕಟಗಳನ್ನು ಒಂದೇ ತಕ್ಕಡಿಯಲ್ಲಿಟ್ಟು ತೂಗುವುದು ನ್ಯಾಯಾಧೀಶರ ಹೊಣೆಯಾಗಿತ್ತು.

ಆದರೆ ಈ ರಕ್ಷಣೆಗೆ ಇನ್ನೊಂದು ಮುಖವೂ ಇತ್ತು. ಅಲ್ಪ ಬಾಡಿಗೆ ದಶಕಗಳ ಕಾಲ ಹಾಗೆಯೇ ನಿಂತು, ರಿಪೇರಿಗೂ ಸಾಲದೆ ಮನೆಗಳು ಶಿಥಿಲವಾದವು. ಕೊಟ್ಟ ಮನೆ ಮರಳಿ ಬಾರದೆಂಬ ಭಯದಿಂದ ಹಲವರು ಬಾಡಿಗೆಗೆ ಕೊಡುವುದನ್ನೇ ನಿಲ್ಲಿಸಿದರು. ಆದುದರಿಂದ 1999ರಲ್ಲಿ ರಚಿತವಾದ ಕರ್ನಾಟಕ ಬಾಡಿಗೆ ಕಾಯಿದೆಯು 2001ರ ಡಿಸೆಂಬರ್ 31ರಿಂದ ಜಾರಿಗೆ ಬಂದಿತು. ಇದರ 27ನೆಯ ಕಲಮಿನಲ್ಲಿಯೂ ಬಿಡಿಸುವ ಕಾರಣಗಳ ಪಟ್ಟಿಯಿದೆ; ಆದರೆ ಕಷ್ಟಗಳನ್ನು ತೂಗುವ ಹಳೆಯ ನಿಯಮವಿಲ್ಲ. ಒಡೆಯನಿಗೆ ಮನೆ ಬೇಕಾಗಿದೆ, ತಕ್ಕ ಬೇರೆ ಮನೆ ಅವನಿಗಿಲ್ಲ ಎಂಬುದು ಸ್ಥಿರಪಟ್ಟರೆ ಸಾಕು. ಅಲ್ಲದೆ ದೊಡ್ಡ ನಗರಗಳಲ್ಲಿ ತಿಂಗಳಿಗೆ 3500 ರೂಪಾಯಿಗೂ, ಇತರೆಡೆ 2000 ರೂಪಾಯಿಗೂ ಮೀರಿದ ಬಾಡಿಗೆಯ ಕಟ್ಟಡಗಳು, ಹಾಗೂ 14 ಚದರ ಮೀಟರಿಗಿಂತ ದೊಡ್ಡದಾದ ಅಂಗಡಿಗಳು ಈ ಕಾಯಿದೆಯ ವ್ಯಾಪ್ತಿಗೆ ಬರುವುದಿಲ್ಲ. ಅವುಗಳಿಗೆ ಕರಾರುಪತ್ರವೂ 1882ರ ಸ್ವತ್ತು ವರ್ಗಾವಣೆ ಕಾಯಿದೆಯೂ ಆಧಾರ. ತಿಂಗಳ ಬಾಡಿಗೆಯ ಮನೆಗೆ, ಕರಾರಿನಲ್ಲಿ ಬೇರೆ ಮಾತಿಲ್ಲದಿದ್ದರೆ, ಹದಿನೈದು ದಿನಗಳ ನೋಟೀಸು ಸಾಕಾಗುತ್ತದೆ.

ನೋಟೀಸು ಕೊಟ್ಟ ಮಾತ್ರಕ್ಕೆ ಬೀಗ ಹಾಕುವ, ನೀರು ನಿಲ್ಲಿಸುವ, ಪಾತ್ರೆಪದಾರ್ಥಗಳನ್ನು ಬೀದಿಗೆಸೆಯುವ ಅಧಿಕಾರ ಒಡೆಯನಿಗಿಲ್ಲ. ಬಲಾತ್ಕಾರದಿಂದ ಹೊರಹಾಕಲ್ಪಟ್ಟವನು 1963ರ ನಿರ್ದಿಷ್ಟ ಪರಿಹಾರ ಕಾಯಿದೆಯ 6ನೆಯ ಕಲಮಿನಂತೆ ಆರು ತಿಂಗಳೊಳಗೆ ದಾವೆ ಹೂಡಿ ಸ್ವಾಧೀನವನ್ನು ಮರಳಿ ಕೇಳಬಹುದು. ಬಾಡಿಗೆದಾರನ ಕರ್ತವ್ಯವೂ ಅಷ್ಟೇ ಸ್ಪಷ್ಟ. ಕಾಲಕಾಲಕ್ಕೆ ಬಾಡಿಗೆ ಸಲ್ಲಿಸಿ ರಶೀದಿ ಪಡೆಯುವುದು, ಮನೆಯನ್ನು ಕೆಡದಂತೆ ಕಾಯುವುದು, ಅವಧಿ ಮುಗಿದಾಗ ಕೊಟ್ಟ ಮಾತಿನಂತೆ ನಡೆಯುವುದು ಅವನ ಧರ್ಮ.

ಕಾಯಿದೆ ಬದಲಾಗಿ ತಕ್ಕಡಿ ಇಂದು ನ್ಯಾಯಾಲಯದಲ್ಲಿಲ್ಲ. ಆದರೆ ಅದು ಮನುಷ್ಯರ ಅಂತಃಕರಣದಲ್ಲಿ ಇರಬೇಡವೇ? ಪರರ ಸಂಕಟವನ್ನು ತನ್ನದರೊಡನೆ ತೂಗಿನೋಡುವುದೇ ದಯೆ; ದಯೆಯೇ ಧರ್ಮದ ಮೂಲವೆಂದು ಶರಣರು ಸಾರಿದ ನಾಡಿದು. ನಾಳೆ ಮನೆಯೊಡೆಯರೋ ಬಾಡಿಗೆದಾರರೋ ಆಗಲಿರುವ ಇಂದಿನ ವಿದ್ಯಾರ್ಥಿಗಳು ಕಾಯಿದೆಯನ್ನು ಅರಿಯುವುದರ ಜೊತೆಗೆ ಇದನ್ನೂ ಮನನಮಾಡಿಕೊಳ್ಳುವುದು ಲೇಸು.